ದಫೇದಾರರು ಅರ್ಥ ಹೇಳಿದ ತೆಲುಗು ಪಿಚ್ಚರು

ನಮ್ಮ ಕುಟುಂಬದಲ್ಲಿ ಹೆಬ್ಬೆಟ್ಟು ಒತ್ತದೆ ಸಹಿ ಹಾಕಿದ ಮೊದಲನೆಯವನು ನಾನು. ಬಿ.ಎ. ಪಾಸಾದ ಮೇಲೆ ಆರು ತಿಂಗಳು ಕೇಳಿದವರಿಗೂ ಕೇಳದವರಿಗೂ ಇದನ್ನೇ ಹೇಳುತ್ತಿದ್ದೆ. ಅದಕ್ಕೆ ಆಗಲೂ ನಾಚಿಕೆ ಇರಲಿಲ್ಲ, ಈಗಲೂ ಇಲ್ಲ. ಬಾಪ, ಎಂದರೆ ಅಪ್ಪ, ಸೈಕಲಿನ ಹಿಂದೆ ಒಣಮೀನಿನ ಕಟ್ಟು ಕಟ್ಟಿಕೊಂಡು ಪುತ್ತೂರಿನಿಂದ ಕಾಣಿಯೂರಿನವರೆಗೆ ಮನೆಮನೆ ಸುತ್ತುತ್ತಿದ್ದವರು. ಉಮ್ಮ ಬೀಡಿ ಕಟ್ಟುತ್ತಿದ್ದರು. ಅವರು ಕಟ್ಟಿದ ಬೀಡಿಗಳನ್ನು ಒಂದರ ಹಿಂದೆ ಒಂದು ಇಟ್ಟರೆ ನಮ್ಮ ಮನೆಯಿಂದ ಮಂಗಳೂರಿನ ಕಾಲೇಜಿನವರೆಗೆ ಒಂದು ದಾರಿಯಾಗುತ್ತಿತ್ತು. ನಾನು ನಡೆದದ್ದು ಆ ದಾರಿಯಲ್ಲೇ. ಹಾಸ್ಟೆಲಿನಲ್ಲಿ ನನ್ನ ಟ್ರಂಕು ತೆರೆದರೆ ಒಣಗಿಸಿದ ನಂಗು ಮೀನಿನ ವಾಸನೆ ಬರುತ್ತದೆ ಎಂದು ಪಕ್ಕದ ಮಂಚದವನು ಕಿಟಕಿ ತೆರೆಯುತ್ತಿದ್ದ. ಪರೀಕ್ಷೆಯ ಫಲಿತಾಂಶ ಬಂದ ದಿನ ಅವನು ಫೇಲು, ನಾನು ಪಾಸು. ಅವತ್ತು ಕಿಟಕಿ ತೆರೆದವನು ನಾನು.

ಅರವತ್ತರ ದಶಕದ ಮೊದಲ ವರ್ಷಗಳ ಮಾತಿದು. ನಾವಿದ್ದ ಪೇಟೆಯ ಹೆಸರು ಹೇಳುವುದಿಲ್ಲ. ಪುತ್ತೂರು, ಸುಳ್ಯ, ಕಡಬ ಈ ಮೂರರ ನಡುವೆ ಎಲ್ಲೋ ಒಂದು ಕಡೆ; ಮೂರು ಊರಿನವರೂ ತಮ್ಮದಲ್ಲ ಎಂದುಕೊಂಡು ಸುಖವಾಗಿರಲಿ. ಪೇಟೆ ಎಂದರೆ ಎರಡು ಹೋಟೆಲು, ಒಬ್ಬ ದರ್ಜಿ, ಒಂದು ಅಡಿಕೆ ಮಂಡಿ, ಮತ್ತು ಪೊಲೀಸರ ಒಂದು ಹೊರಠಾಣೆ. ಹೊರಠಾಣೆಗೆ ದೊರೆ ಒಬ್ಬರು ದಫೇದಾರರು.

ನನಗೆ ಸರಕಾರಿ ಕೆಲಸದ ಆರ್ಡರು ಬಂದಿತ್ತು. ಸುಳ್ಯದ ಕಚೇರಿಯೊಂದರಲ್ಲಿ ಗುಮಾಸ್ತೆ. ಆದರೆ ಆರ್ಡರಿನ ಕೆಳಗೆ ಒಂದು ಸಾಲು ಇತ್ತು: ಸದರಿಯವರ ನಡತೆಯ ಬಗ್ಗೆ ಪೊಲೀಸರ ವರದಿ ಬಂದ ಮೇಲೆ ಕೆಲಸಕ್ಕೆ ಸೇರತಕ್ಕದ್ದು, ಮೂರು ತಿಂಗಳೊಳಗೆ ವರದಿ ಬಾರದಿದ್ದರೆ ಆರ್ಡರು ರದ್ದು. ಆ ವರದಿ ಬರೆಯಬೇಕಾದವರು ನಮ್ಮ ದಫೇದಾರರು. ಕಾಗದ ಅವರ ಮೇಜಿನ ಖಾನೆಗೆ ಹೋಗಿ ಎರಡು ತಿಂಗಳು ದಾಟಿತ್ತು. ಹದಿನೈದು ವರ್ಷದ ಓದು, ಉಮ್ಮನ ಬೆರಳು, ಬಾಪನ ಮೊಣಕಾಲು ಎಲ್ಲವೂ ಆ ಖಾನೆಯೊಳಗೆ ಮಲಗಿತ್ತು.

ದಫೇದಾರರ ಬಗ್ಗೆ ಸತ್ಯ ಹೇಳಬೇಕು. ಅವರು ಹಣ ಮುಟ್ಟುತ್ತಿರಲಿಲ್ಲ. ಹಣ ಎಂದು ಯಾರಾದರೂ ಕಿಸೆಗೆ ಕೈ ಹಾಕಿದರೆ ಬೆತ್ತ ತೆಗೆಯುತ್ತಿದ್ದರು. ಅವರದ್ದು ಬೇರೆಯೇ ಕ್ರಮ. ಯಾರ ಕಸುಬು ಏನೋ ಅದರಲ್ಲಿ ಒಂದು ತುಂಡು. ತೋಟದವರಿಂದ ಬಾಳೆಗೊನೆ, ದರ್ಜಿಯಿಂದ ಮಕ್ಕಳ ಚಡ್ಡಿ, ಕೋಳಿ ಅಂಕದವರಿಂದ ಸೋತ ಕೋಳಿ, ಕ್ಷೌರಿಕನಿಂದ ವಾರಕ್ಕೆರಡು ಸಲ ಗಡ್ಡ. ನಮ್ಮ ಬಾಪ ಹಾದು ಹೋದರೆ ಎರಡು ಹಿಡಿ ನಂಗು. ಊರಿನವರು ಇದನ್ನು ಲಂಚ ಎಂದು ತಿಳಿದೇ ಇರಲಿಲ್ಲ. ಹೊಸ ಬೆಳೆ ಬಂದರೆ ನೆಂಟರಿಗೆ ಕೊಡುವುದಿಲ್ಲವೇ, ಹಾಗೆ. ದಫೇದಾರರು ಎಲ್ಲರಿಗೂ ನೆಂಟರು.

ನಾನು ವರದಿ ಕೇಳಲು ಹೋದಾಗ ಅವರು ಎಲೆಗೆ ಸುಣ್ಣ ಹಚ್ಚುತ್ತಾ ಕೂತಿದ್ದರು.

"ಕೂತ್ಕೊ ಮಾರಾಯ. ನಿನ್ನ ಕಾಗದ ಉಂಟು, ಎಲ್ಲಿಗೂ ಹೋಗ್ಲಿಲ್ಲ."

"ಎಲ್ಲಿಗೂ ಹೋಗದ್ದೇ ತೊಂದರೆ ದಫೇದಾರ್ರೇ" ಎಂದೆ.

ಅವರು ನಕ್ಕರು. ಮಾತು ಬಲ್ಲವರಿಗೆ ಮಾತು ಕಂಡರೆ ಆಗುವ ಸಂತೋಷ ಅದು. ಅವರು ನಮ್ಮ ಸೀಮೆಯಲ್ಲಿ ಹೆಸರಿದ್ದ ತಾಳಮದ್ದಳೆಯ ಅರ್ಥಧಾರಿ. ವೇಷ, ಕುಣಿತ ಏನೂ ಇಲ್ಲದೆ ಚಾಪೆಯ ಮೇಲೆ ಕೂತು, ಭಾಗವತರು ಹಾಡಿದ ಪದ್ಯಕ್ಕೆ ಮಾತಿನಲ್ಲೇ ಅರ್ಥ ಹೇಳಿ, ಎದುರು ಕೂತವನನ್ನು ವಾದದಲ್ಲಿ ಕೆಡವುವುದು ಅವರ ಹುಚ್ಚು. ಪುರಾಣದ ಖಳರ ಪಕ್ಷವೆಂದರೆ ಅವರಿಗೆ ಪ್ರಾಣ. ದುಷ್ಟನ ಪರವಾಗಿ ಅವರು ಮಾತಾಡಿದರೆ ಮನೆಗೆ ಹೋಗುವಾಗ ದೇವರ ಮೇಲೇ ಸಂಶಯ ಬರುತ್ತಿತ್ತು ಎಂದು ಅಡಿಕೆ ಮಂಡಿಯವರು ಹೇಳುತ್ತಿದ್ದರು.

"ನಿನ್ನಪ್ಪನ ಮೀನು ಬೇಡ. ನೀನೀಗ ಗ್ರ್ಯಾಜುವೇಟು, ನಿನ್ನ ಕಸುಬು ಬೇರೆ" ಎಂದು ಅವರು ಎಲೆಯನ್ನು ಬಾಯಿಗೆ ಸೇರಿಸಿದರು. "ನನಗೆ ವರ್ಗ ಆಗುದುಂಟು. ಹಿಂದಿನ ದಫೇದಾರ ಹೋಗುವಾಗ ಊರಿನವರು ಒಂದು ಬಿನ್ನವತ್ತಳೆ ಕೊಟ್ರು, ಪುತ್ತೂರಲ್ಲಿ ಅಚ್ಚು ಹಾಕ್ಸಿದ್ದು, ಸುತ್ತ ಹೂವಿನ ಬಾರ್ಡರು. ನನಗೂ ಒಂದು ಬೇಕು. ನೀನು ಬರಿ. ಪ್ರಾಮಾಣಿಕರು, ಶುದ್ಧಹಸ್ತರು, ಹಾಗೆಲ್ಲ. ಕೆಳಗೆ ನಿನ್ನ ಹೆಸರು, ಹೆಸರಿನ ಮುಂದೆ ಬಿ.ಎ. ಬಿ.ಎ. ಇಲ್ಲದ್ರೆ ತೂಕ ಇಲ್ಲ."

ನನ್ನ ಮೊದಲ ಲಂಚದ ಬೇಡಿಕೆ ಅದು. ಲಂಚ ತೆಗೆದುಕೊಳ್ಳುವುದಿಲ್ಲ ಎಂದು ಬರೆದುಕೊಡುವುದೇ ಲಂಚ.

"ಬಿ.ಎ. ಓದಿದ್ದು ಸುಳ್ಳು ಬರೀಲಿಕ್ಕೆ ಅಲ್ಲ" ಎಂದುಬಿಟ್ಟೆ.

ದಫೇದಾರರಿಗೆ ಕೋಪ ಬರಲಿಲ್ಲ. ಖಾನೆಯನ್ನು ಹೊಟ್ಟೆಯಿಂದಲೇ ಮೆಲ್ಲ ಒಳಗೆ ತಳ್ಳಿದರು. "ಹಾಗಾದ್ರೆ ಸತ್ಯ ಯೋಚನೆ ಮಾಡ್ತಾ ಇರು. ಒಂದು ತಿಂಗಳು ಟೈಮುಂಟು."

ಮನೆಯಲ್ಲಿ ಬಾಪನಿಗೆ ನನ್ನ ಸತ್ಯದ ಮೇಲೆ ಗೌರವವೇನೂ ಬರಲಿಲ್ಲ. ಮನೆಯ ಮಾತು ಬ್ಯಾರಿ. ಇಲ್ಲಿ ಕನ್ನಡಕ್ಕೆ ತಂದಿದ್ದೇನೆ, ಬೈಗುಳ ಸ್ವಲ್ಪ ಸೋರಿ ಹೋಗಿದೆ.

"ನಾನು ಹಳಸಿದ ಮೀನನ್ನು ತಾಜಾ ಅಂತ ಮಾರಿ ನಿನ್ನನ್ನು ಓದಿಸಿದೆ" ಎಂದರು ಬಾಪ. "ಆ ಸುಳ್ಳು ನುಂಗುವಾಗ ಗಂಟಲಲ್ಲಿ ಮುಳ್ಳು ಸಿಕ್ಕಲಿಲ್ಲ. ಈಗ ನಾಲ್ಕು ಸಾಲು ಬರೆಯಲಿಕ್ಕೆ ಸಿಕ್ಕುತ್ತದಾ?"

"ಬರೆದರೆ ನನ್ನ ಹೆಸರು ಕೆಳಗೆ ಬರುತ್ತದೆ ಬಾಪ."

"ಹೆಸರು ಸುಳ್ಯದ ಕಚೇರಿಯ ಹಾಜರಿ ಪುಸ್ತಕದಲ್ಲಿ ಬರಲಿ, ಅದು ಸಾಕು."

ಬೀಡಿಯ ಎಲೆ ಕತ್ತರಿಸುವ ಉಮ್ಮನ ಕತ್ತರಿಯ ಸದ್ದು ಸ್ವಲ್ಪ ಜೋರಾಯಿತು. ನಮ್ಮ ಮನೆಯಲ್ಲಿ ಅದೇ ತೀರ್ಪು.

ಆ ತಿಂಗಳಲ್ಲೇ ಪೇಟೆಯ ಕೆಳಗಿನ ಗದ್ದೆಗೆ ಟೆಂಟು ಸಿನಿಮಾ ಬಂತು. ಎರಡನೆಯ ಬೆಳೆ ಕೊಯ್ದು ಗದ್ದೆ ಒಣಗಿದ ಮೇಲೆ ವರ್ಷಕ್ಕೊಮ್ಮೆ ಬರುವುದು. ಕೂಳೆಯ ಮೇಲೆ ಚಾಪೆ ಹಾಸಿದರೆ ನೆಲ, ಹಿಂದೆ ಬೆಂಚು, ಅದರ ಹಿಂದೆ ಆರು ಕುರ್ಚಿ. ಕುರ್ಚಿಗಳಲ್ಲಿ ಬೆತ್ತದ್ದು ಒಂದೇ, ಅದು ದಫೇದಾರರಿಗೆ. ಟೆಂಟಿನವರ ಕಸುಬು ಸಿನಿಮಾ ತೋರಿಸುವುದಾದ್ದರಿಂದ ಅವರು ಕೊಡುವ ತುಂಡೂ ಅದೇ.

ಬರುತ್ತಿದ್ದ ಪಿಚ್ಚರುಗಳಲ್ಲಿ ಕನ್ನಡದವು ಕಡಿಮೆ. ತಮಿಳು, ಹಿಂದಿ, ಮಲಯಾಳ, ಸಿಕ್ಕಿದ್ದು. ಭಾಷೆ ಬಾರದ ಪಿಚ್ಚರಾದರೆ ಯಂತ್ರದ ಪಕ್ಕ ಒಬ್ಬನನ್ನು ಮೈಕು ಕೊಟ್ಟು ಕೂರಿಸುತ್ತಿದ್ದರು. ಅವನು ಪರದೆಯ ಮೇಲೆ ಏನಾಗುತ್ತಿದೆ ಎಂದು ತುಳುವಿನಲ್ಲೋ ಕನ್ನಡದಲ್ಲೋ ಹೇಳುತ್ತಾ ಹೋಗಬೇಕು. ನಮ್ಮವರು ಇದಕ್ಕೂ ತಾಳಮದ್ದಳೆಯ ಮಾತನ್ನೇ ಬಳಸುತ್ತಿದ್ದರು. ಪಿಚ್ಚರಿಗೆ ಅರ್ಥ ಹೇಳುವುದು. ಅರ್ಥ ಚೆನ್ನಾಗಿದ್ದರೆ ಪಿಚ್ಚರು ಚೆನ್ನಾಗಿದೆ ಎಂದು ಲೆಕ್ಕ. ಆ ವರ್ಷದ ಅರ್ಥದವನು ಜಾಲ್ಸೂರಿನವನು, ಹಿಂದಿನ ವಾರ ಕಾಸರಗೋಡಿನ ಬಸ್ಸು ಹತ್ತಿದವನು ವಾಪಸು ಬಂದು ಇಳಿಯಲೇ ಇಲ್ಲ.

ನಾನು ಮಧ್ಯಾಹ್ನ ಹೋಟೆಲಿನ ಜಗಲಿಯಲ್ಲಿ ಚಹಾ ಕುಡಿಯುತ್ತಿದ್ದೆ. ಪುತ್ತೂರಿನ ಬಸ್ಸಿನಿಂದ ರೀಲಿನ ತಗಡಿನ ಪೆಟ್ಟಿಗೆ ಇಳಿಯಿತು. ಟೆಂಟಿನ ಯಜಮಾನರು ಪೆಟ್ಟಿಗೆಯ ಮೇಲಿನ ಚೀಟಿ ನೋಡಿ ತಲೆಗೆ ಕೈ ಇಟ್ಟರು. ಅವರು ಕೇಳಿದ್ದು ದೇವರ ಪಿಚ್ಚರು. ಬಂದದ್ದು ಬೇರೆ ಯಾವುದೋ.

"ಇದು ಎಂತದಪ್ಪ, ಕನ್ನಡವಾ? ಕನ್ನಡದ ಹಾಗೆ ಉಂಟು, ಓದ್ಲಿಕ್ಕೆ ಆಗುದಿಲ್ಲ."

ನಾನು ಬಗ್ಗಿ ನೋಡಿದೆ. ತೆಲುಗು. ತೆಲುಗಿನ ಅಕ್ಷರಗಳು ನಮ್ಮ ಅಕ್ಷರಗಳ ದಾಯಾದಿಗಳು. ತಲೆಕಟ್ಟು ಮಾತ್ರ ಬೇರೆ ಥರ ಬಾಚಿಕೊಂಡಿರುತ್ತವೆ. ಸ್ವಲ್ಪ ತಡವರಿಸಿದರೆ ಯಾರಿಗಾದರೂ ಬರುತ್ತದೆ. ನಾನು ಬೇಕೆಂದೇ ತಡವರಿಸದೆ ಓದಿದೆ. ಎರಡು ಪದ, ಅದರಲ್ಲಿ ಒಂದು ಪೊಲೀಸು.

"ತೆಲುಗು. ಪೊಲೀಸರ ಕಥೆ" ಎಂದೆ, ಚಹಾದ ಲೋಟ ಕೆಳಗಿಡದೆ.

ಹೋಟೆಲಿನಲ್ಲಿ ಎತ್ತಿದ ಲೋಟಗಳು ಹಾಗೇ ನಿಂತವು. ಆ ಗಳಿಗೆಯ ರುಚಿ ನನಗೆ ಇನ್ನೂ ನೆನಪಿದೆ. ಬಿ.ಎ. ಎಂದರೆ ಏನು ಎಂದು ಅಲ್ಲಿದ್ದವರಿಗೆ ಮೊದಲ ಬಾರಿ ಕಣ್ಣಾರೆ ಕಂಡಿತು.

"ನಿನಗೆ ತೆಲುಗೂ ಬರ್ತದಾ?" ಎಂದರು ಯಜಮಾನರು.

ಇಲ್ಲ ಎನ್ನಬೇಕಿತ್ತು. ಅಷ್ಟರಲ್ಲಿ ದರ್ಜಿ ನನ್ನ ಪರವಾಗಿ ಉತ್ತರ ಕೊಟ್ಟ. "ಮನೇಲಿ ಬ್ಯಾರಿ, ಪೇಟೇಲಿ ತುಳು, ಶಾಲೇಲಿ ಕನ್ನಡ, ಗಡಿಗೆ ಹೋದ್ರೆ ಮಲಯಾಳ, ಕಾಲೇಜಲ್ಲಿ ಇಂಗ್ಲಿಷು. ಐದು ಬರುವವನಿಗೆ ಆರನೇದು ಎಂತಕ್ಕೆ ಬರುದಿಲ್ಲ ಮಾರಾಯ್ರೆ?"

ನಮ್ಮ ಕಡೆ ಇದು ಬಹಳ ಸಹಜವಾದ ತರ್ಕ. ಭಾಷೆಯನ್ನು ಇಲ್ಲಿ ಯಾರೂ ಕಲಿಯುವುದಿಲ್ಲ, ಧೂಳಿನಂತೆ ಮೈಗೆ ಅಂಟುತ್ತದೆ. ಬಾರದ ಭಾಷೆ ಎಂಬುದು ಇದೆ ಎಂದರೆ ನಮ್ಮವರಿಗೆ ನಂಬಿಕೆ ಬರುವುದಿಲ್ಲ, ಅದರಲ್ಲೂ ಬಿ.ಎ.ಯವನಿಗೆ. ಯಜಮಾನರು ಅವತ್ತಿನ ಅರ್ಥವನ್ನು ನನಗೇ ಒಪ್ಪಿಸಿದರು, ನಾನು ನಿರಾಕರಿಸಲಿಲ್ಲ. ಮೊದಲೊಮ್ಮೆ ಪಿಚ್ಚರು ನೋಡಿಕೊಳ್ಳುವ ಉಪಾಯವೂ ಇರಲಿಲ್ಲ. ಹಗಲು ಹೊತ್ತು ಟೆಂಟಿನಲ್ಲಿ ಪರದೆಗಿಂತ ಹೊರಗೇ ಬೆಳಕು ಜಾಸ್ತಿ.

ಸಂಜೆ ಏಳರ ಆಟಕ್ಕೆ ಗದ್ದೆ ತುಂಬಿತ್ತು. ಒಣಮೀನಿನವನ ಮಗ ತೆಲುಗಿಗೆ ಅರ್ಥ ಹೇಳುತ್ತಾನಂತೆ ಎಂದು ಕಾಣಿಯೂರಿನವರೆಗೆ ಸುದ್ದಿ ಹೋಗಿತ್ತು. ಸುದ್ದಿ ಒಯ್ದವರು ಬಾಪನೇ, ಸೈಕಲಿನಲ್ಲಿ. ಅವರು ನೆಲದಲ್ಲಿ ಮೊದಲ ಸಾಲಿಗೆ ಕೂತು ಪರದೆಗೆ ಬೆನ್ನು ಹಾಕಿ ನನ್ನನ್ನು ನೋಡುತ್ತಿದ್ದರು. ದಫೇದಾರರು ಬೆತ್ತದ ಕುರ್ಚಿಯಲ್ಲಿ.

ಪಿಚ್ಚರು ಶುರುವಾಯಿತು. ಸಂಭಾಷಣೆ ಮಳೆಗಾಲದ ತೋಡಿನ ಹಾಗೆ ಹರಿಯಿತು. ಅದರಲ್ಲಿ ನನ್ನ ಕಿವಿಗೆ ಗುರುತು ಸಿಕ್ಕಿದ ಪದಗಳು ಮೂರು: ನ್ಯಾಯಂ, ಧರ್ಮಂ, ಲಂಚಂ. ಆ ಮೂರೂ ಎಲ್ಲರ ಬಾಯಿಯಲ್ಲೂ ಬರುತ್ತಿದ್ದುದರಿಂದ ಯಾರು ಯಾವುದರ ಪರ ಎಂದು ತಿಳಿಯುವಂತಿರಲಿಲ್ಲ.

ಇಬ್ಬರು ಪೊಲೀಸ್ ಅಧಿಕಾರಿಗಳಿದ್ದರು. ಒಬ್ಬ ತೆಳ್ಳಗೆ, ಗುಂಗುರು ಕೂದಲು, ಗೆರೆ ಎಳೆದ ಹಾಗೆ ಮೀಸೆ. ಎರಡನೆಯ ರೀಲಿನಲ್ಲೇ ಒಬ್ಬಳ ಜೊತೆ ಹೂತೋಟದಲ್ಲಿ ಹಾಡಿದ. ಇನ್ನೊಬ್ಬ ದಪ್ಪ. ಹೊಟ್ಟೆ, ದೊಡ್ಡ ಮೀಸೆ, ಬಾಯಿ ತುಂಬ ಎಲೆಯಡಿಕೆ. ಅವನನ್ನು ಕಂಡೊಡನೆ ನೆಲದಲ್ಲಿ ಕೂತಿದ್ದವರು ಒಮ್ಮೆ ಹಿಂದೆ ತಿರುಗಿ ಬೆತ್ತದ ಕುರ್ಚಿಯನ್ನು ನೋಡಿದರು. ಅಷ್ಟು ಹೋಲಿಕೆ.

ನಾನು ಅಲ್ಲೇ ತೀರ್ಮಾನ ಮಾಡಿದೆ. ಮೈಕು ಬಾಯಿಗೆ ಹಿಡಿದು ಹೇಳಿದೆ: "ತೆಳ್ಳಗಿನವರು ಪ್ರಾಮಾಣಿಕ ಇನ್ಸ್‌ಪೆಕ್ಟರು. ದಪ್ಪ ಇರುವವರು ಅವರ ಮೇಲಧಿಕಾರಿ. ಮುಟ್ಟಿದ್ದನ್ನೆಲ್ಲ ನುಂಗುವವರು."

ಗದ್ದೆ ಸಂತೋಷದಿಂದ ನಕ್ಕಿತು. ಎರಡು ತಿಂಗಳಿಂದ ನನ್ನೊಳಗೆ ಕೂತಿದ್ದದ್ದೆಲ್ಲ ಮೈಕಿನಿಂದ ಹೊರಗೆ ಬಂತು. ಕಪ್ಪು ಕನ್ನಡಕದ ವ್ಯಾಪಾರಿಯೊಬ್ಬ ದಪ್ಪನವನ ಮೇಜಿನ ಮೇಲೆ ಒಂದು ಸೂಟುಕೇಸು ಇಟ್ಟ. ದಪ್ಪನವನು ಅದನ್ನು ಕಪಾಟಿಗೆ ಸೇರಿಸಿದ. "ನೋಡಿ, ಬಾಳೆಗೊನೆ ಒಳಗೆ ಹೋಯಿತು" ಎಂದೆ. ಮೇಜಿನ ಮೇಲೆ ಕಾಗದದ ರಾಶಿ ಕಂಡಿತು. "ಇವೆಲ್ಲ ಬಡವರ ಮಕ್ಕಳ ವರದಿಗಳು, ಎರಡು ತಿಂಗಳಾಯಿತು, ಖಾನೆಯೊಳಗೆ ಮೊಟ್ಟೆ ಇಡುತ್ತಾ ಉಂಟು" ಎಂದೆ. ಯಾರೋ ಸಿಳ್ಳೆ ಹಾಕಿದರು. ಬಾಪ ಮಾತ್ರ ಕೈಸನ್ನೆ ಮಾಡಿದರು, ಸಾಕು ಎಂದು.

ತೊಂದರೆ ಶುರುವಾದದ್ದು ಎಂಟನೆಯ ರೀಲಿನಲ್ಲಿ. ದಪ್ಪನವನು ಬಂದರಿನಲ್ಲಿ ಹತ್ತು ಮಂದಿ ಕಳ್ಳಸಾಗಣೆಯವರನ್ನು ಒಬ್ಬನೇ ಹೊಡೆದು ಹಾಕಿದ. ಹೊಟ್ಟೆಯಿಂದಲೇ ಇಬ್ಬರನ್ನು ಸಮುದ್ರಕ್ಕೆ ತಳ್ಳಿದ.

"ಕಳ್ಳ ಎಂತಕ್ಕೆ ಕಳ್ಳರಿಗೆ ಹೊಡೆಯುದು?" ಎಂದು ನೆಲದಿಂದ ದರ್ಜಿ ಕೇಳಿದ.

"ಪಾಲಿನ ಜಗಳ" ಎಂದೆ.

ಟೆಂಟಿನಲ್ಲಿ ಯಂತ್ರ ಒಂದೇ. ಎರಡೆರಡು ರೀಲಿಗೆ ಒಮ್ಮೆ ನಿಲ್ಲಿಸಿ ದೀಪ ಹಾಕುತ್ತಿದ್ದರು. ಹನ್ನೆರಡನೆಯ ರೀಲು ಮುಗಿದು ದೀಪ ಬಂದಾಗ ದಫೇದಾರರು ಎದ್ದರು. ಅವರು ಹೊರಗೆ ಹೋಗಿ ಎಲೆಯ ರಸ ಉಗಿದು ಬಂದು, ನೇರ ಯಂತ್ರದ ಬಳಿ ನಡೆದು, ನನ್ನ ಕೈಯಿಂದ ಮೈಕು ತೆಗೆದುಕೊಂಡರು. ಒದೆ ಬೀಳುತ್ತದೆ ಎಂದುಕೊಂಡೆ. ಅವರು ಗಂಟಲು ಸರಿ ಮಾಡಿಕೊಂಡು, ತಾಳಮದ್ದಳೆಯ ದೊಡ್ಡ ದನಿಯಲ್ಲಿ ಹೇಳಿದರು:

"ಇಷ್ಟು ಹೊತ್ತು ಒಂದೇ ಪಕ್ಷದ ಅರ್ಥ ಆಯ್ತು. ಇನ್ನು ಈ ದಪ್ಪ ಮನುಷ್ಯನ ಅರ್ಥ ನಾನು ಹೇಳ್ತೇನೆ."

ಗದ್ದೆಯಲ್ಲಿ ಹಬ್ಬವಾಯಿತು. ಬೆಂಚಿನವರು ನೆಲಕ್ಕೆ ಇಳಿದು ಹತ್ತಿರ ಬಂದರು. ಯಂತ್ರದವನು ಹೊಸ ರೀಲು ಕೈಯಲ್ಲಿ ಹಿಡಿದುಕೊಂಡೇ ನಿಂತ.

"ಎಲೈ ಯುವಕನೇ" ಎಂದರು ದಫೇದಾರರು ನನಗೆ, ತಾವೇ ಆ ದಪ್ಪನವನಾಗಿ. "ನಾನು ನುಂಗಿದೆ ಅಂತ ಹೇಳಿದೆಯಲ್ಲ, ನೀನು ಕಂಡದ್ದು ಎಂತ?"

ಮೈಕು ನನ್ನ ಮುಂದೆ ಬಂತು. ಹಿಂಜರಿದರೆ ಮಾನ ಹೋಗುತ್ತದೆ. "ಸೂಟುಕೇಸು ತೆಗೊಂಡದ್ದು ಕಂಡೆ. ನಾನೊಬ್ಬನೇ ಅಲ್ಲ, ಊರೇ ಕಂಡಿದೆ."

"ತೆಗೊಂಡು ಎಂತ ಮಾಡಿದೆ ನಾನು?"

"ಕಪಾಟಿಗೆ ಇಟ್ಟಿರಿ."

"ಇಡುವ ಮೊದಲು?"

ನನಗೆ ನೆನಪಿರಲಿಲ್ಲ.

"ಚೀಟಿ ಅಂಟಿಸಿದೆ" ಎಂದರು ದಫೇದಾರರು, ಒಂದೊಂದೇ ಅಕ್ಷರ ಬಿಡಿಸಿ. "ಅರಗಿನ ಮುದ್ರೆ ಒತ್ತಿದೆ. ಇಬ್ಬರು ಪೇದೆಗಳ ಎದುರು. ನುಂಗುವವ ಚೀಟಿ ಅಂಟಿಸ್ತಾನಾ? ಪೇದೆಗಳನ್ನು ಕರೀತಾನಾ? ಬಾಲಕ, ತೆಗೊಳ್ಳುವವರು ಹೇಗೆ ತೆಗೊಳ್ಳುದು ಅಂತ ನಿನಗೆ ಗೊತ್ತುಂಟಾ, ನನಗೆ ಗೊತ್ತುಂಟಾ?"

ಎರಡು ಕ್ಷಣ ಗದ್ದೆಗೆ ಅರ್ಥವಾಗಲಿಲ್ಲ. ಆಮೇಲೆ ಎದ್ದ ನಗೆಗೆ ಟೆಂಟಿನ ಬಟ್ಟೆ ಅಲುಗಿತು. ದಫೇದಾರರಿಗೂ ತಾವು ಹೇಳಿದ್ದು ಏನೆಂದು ಆಮೇಲೆ ಹೊಳೆಯಿತು. ಆದರೆ ಒಳ್ಳೆಯ ಅರ್ಥಧಾರಿ ಆಡಿದ ಮಾತನ್ನು ವಾಪಸು ತೆಗೆಯುವುದಿಲ್ಲ. ಎದೆ ಮುಂದೆ ಮಾಡಿ ನಿಂತರು.

ನಾನು ಸುಮ್ಮನಿರಬಹುದಿತ್ತು. ಆದರೆ ಹದಿನೈದು ವರ್ಷ ಓದಿದ ನಾಲಗೆ. "ಹಾಗಾದರೆ ಬಡವನ ವರದಿ ಖಾನೆಯಲ್ಲಿ ಯಾಕೆ ಉಂಟು ಎಂದು ಹೇಳಿ" ಎಂದೆ. "ಅದಕ್ಕೂ ಅರಗಿನ ಮುದ್ರೆ ಒತ್ತಿದ್ದೀರಾ?"

"ಹೌದು, ಕೇಳಿ, ಕೇಳಿ" ಎಂದರು ಅಡಿಕೆ ಮಂಡಿಯವರು. ವಾದ ಪಿಚ್ಚರಿನಿಂದ ಹೊರಗೆ ಬಂದದ್ದು ಎಲ್ಲರಿಗೂ ತಿಳಿದಿತ್ತು. ನನ್ನ ಕಾಗದದ ವಿಷಯ ಊರಿಗೆ ಹೊಸತಲ್ಲ.

ದಫೇದಾರರು ಸ್ವಲ್ಪ ಹೊತ್ತು ಮೀಸೆ ತಿರುವಿದರು. "ಒಂದು ಪಣ ಇಡುವ" ಎಂದರು. "ಪಿಚ್ಚರು ಮುಗೀಲಿಕ್ಕೆ ಎರಡು ರೀಲು ಉಂಟು. ಈ ದಪ್ಪನವ ಕೊನೆಗೆ ಕಳ್ಳ ಅಂತಾದ್ರೆ ನಾಳೆ ಬೆಳಿಗ್ಗೆ ನಿನ್ನ ವರದಿ ಹೋಗ್ತದೆ, ನನಗೆ ಎಂತದೂ ಬೇಡ. ಇವ ಪ್ರಾಮಾಣಿಕ ಅಂತಾದ್ರೆ ನೀನು ನನಗೆ ಬಿನ್ನವತ್ತಳೆ ಬರೀಬೇಕು, ಬಿ.ಎ. ಹಾಕಿ. ಒಪ್ಪಿಗೆಯಾ?"

"ಒಪ್ಪಿಗೆ" ಎಂದೆ. ತೆಳ್ಳಗಿನವನು ಹಾಡು ಹಾಡಿದ್ದಾನೆ. ಹಾಡು ಹಾಡಿದವನು ಕಳ್ಳನಾದ ಪಿಚ್ಚರನ್ನು ನಾನು ಕಂಡಿರಲಿಲ್ಲ.

ದೀಪ ಆರಿತು. ದಫೇದಾರರು ಕುರ್ಚಿಗೆ ಹೋಗಲಿಲ್ಲ, ನನ್ನ ಪಕ್ಕದಲ್ಲೇ ನಿಂತರು.

ಹದಿಮೂರನೆಯ ರೀಲಿನಲ್ಲಿ ತೆಳ್ಳಗಿನವನು ಕಪ್ಪು ಕನ್ನಡಕದ ವ್ಯಾಪಾರಿಯ ಜೊತೆ ಕೂತು ಊಟ ಮಾಡಿದ. ಪತ್ತೇದಾರಿಕೆ, ಎಂದೆ ನಾನು. ಹಾಡು ಹಾಡಿದವಳನ್ನು ಕೋಣೆಯಲ್ಲಿ ಕೂಡಿ ಹಾಕಿದ. ಅವಳ ರಕ್ಷಣೆಗಾಗಿ, ಎಂದೆ. ನನ್ನ ದನಿ ನನಗೇ ಸಣ್ಣದಾಗಿ ಕೇಳುತ್ತಿತ್ತು. ಕೊನೆಯ ರೀಲಿನಲ್ಲಿ ದಪ್ಪನವನು ಬೆನ್ನಿಗೆ ಗುಂಡು ತಾಗಿದರೂ ನಡೆದು ಬಂದು ತೆಳ್ಳಗಿನವನನ್ನು ಕೆಡವಿ, ಕೈಗೆ ಕೋಳ ಹಾಕಿದ. ಆಮೇಲೆ ಕೋರ್ಟು, ಕಪಾಟಿನಿಂದ ಚೀಟಿ ಸಮೇತ ಸೂಟುಕೇಸು. ಆಮೇಲೆ ಪೆರೇಡು, ಬ್ಯಾಂಡು, ಮತ್ತು ಒಬ್ಬ ದೊಡ್ಡ ಅಧಿಕಾರಿ ಆ ಎದೆಯ ಮೇಲೆ ಒಂದು ಪದಕ ಚುಚ್ಚಿದ.

ಗದ್ದೆಯ ಅಷ್ಟೂ ತಲೆಗಳು ನನ್ನತ್ತ ತಿರುಗಿದವು. ಅರ್ಥಕ್ಕೆ ಕಾಯುತ್ತಿದ್ದರು.

ಇಲ್ಲಿ ಒಂದು ಮಾತು. ಆಗಲೂ ಅವರು ನನ್ನನ್ನೇ ನಂಬುತ್ತಿದ್ದರು. ಕಣ್ಣಿಗೆ ಕಂಡದ್ದಕ್ಕಿಂತ ಬಿ.ಎ.ಯ ಮಾತು ದೊಡ್ಡದು ಅವರಿಗೆ. ನಾನು ಹೇಳಬಹುದಿತ್ತು: ಅದು ಪದಕವಲ್ಲ, ಅಪರಾಧಿಯ ನಂಬರು, ಬ್ಯಾಂಡು ಜೈಲಿಗೆ ಕಳಿಸುವ ಬ್ಯಾಂಡು, ಆಂಧ್ರದಲ್ಲಿ ಕ್ರಮ ಹಾಗೆ. ಮುಕ್ಕಾಲು ಗದ್ದೆ ಒಪ್ಪುತ್ತಿತ್ತು. ಮರುದಿನ ವರದಿ ಹೋಗುತ್ತಿತ್ತು. ಬಾಯಿ ತೆರೆದೂ ಇದ್ದೆ. ಮೊದಲ ಸಾಲಿನಲ್ಲಿ ಬಾಪ ಮೊಣಕಾಲು ಹಿಡಿದುಕೊಂಡು, ಕಣ್ಣು ಮಿಟುಕಿಸದೆ ಕೂತಿದ್ದರು. ಹೇಳಿಬಿಡು ಎಂದು ಆ ಮುಖ ಹೇಳುತ್ತಿತ್ತು. ಹಳಸಿದ ಮೀನು ಮಾರುವಾಗಿನ ಮುಖ ಅದು, ನನಗೆ ಚೆನ್ನಾಗಿ ಗೊತ್ತು.

ಇಷ್ಟು ದಿನ ಸತ್ಯ ಸತ್ಯ ಎಂದು ಮೆರೆದವನು ಮೂರು ಗಂಟೆಗಳಿಂದ ಮೈಕಿನಲ್ಲಿ ಒಂದೇ ಸಮ ಸುಳ್ಳು ಹೇಳುತ್ತಿದ್ದೆ. ಅದು ಆ ಕ್ಷಣದವರೆಗೆ ಹೊಳೆದಿರಲಿಲ್ಲ ಎಂದರೆ ನೀವು ನಂಬಲಿಕ್ಕಿಲ್ಲ. ಕಸುಬಿನ ತುಂಡು ಎಂದು ಕೊಡುವಾಗ, ಕೊಡುತ್ತಿರುವುದು ಏನೆಂದು ಯಾರಿಗೂ ಹೊಳೆಯುವುದಿಲ್ಲ.

"ನನಗೆ ತೆಲುಗು ಬರುವುದಿಲ್ಲ" ಎಂದೆ. ಮೈಕು ಅದನ್ನು ಗದ್ದೆಯ ಆಚೆಯ ಗುಡ್ಡದವರೆಗೂ ಒಯ್ದಿತು. "ಅಕ್ಷರ ಓದಿದೆ, ಅಷ್ಟೇ. ದಪ್ಪನವರು ಪ್ರಾಮಾಣಿಕರು. ನಾನು ಸೋತೆ."

ನಗೆ ಬರುವುದಕ್ಕೆ ಸ್ವಲ್ಪ ಹೊತ್ತು ಹಿಡಿಯಿತು. ಬಂದ ಮೇಲೆ ನಿಲ್ಲಲಿಲ್ಲ. "ಅಷ್ಟು ಓದಿ ಒಂದು ತೆಲುಗು ಕಲೀಲಿಕ್ಕೆ ಆಗ್ಲಿಲ್ವಾ ಮಾರಾಯ" ಎಂದು ದರ್ಜಿ ನನ್ನ ಬೆನ್ನು ತಟ್ಟಿದ. ಟೆಂಟಿನ ಯಜಮಾನರಿಗೆ ಮಾತ್ರ ದುಃಖವಿರಲಿಲ್ಲ. ಮರುದಿನ ದಫೇದಾರರ ಅರ್ಥ ಕೇಳಲು ಇದಕ್ಕಿಂತ ಹೆಚ್ಚು ಜನ ಬರುತ್ತಾರೆಂದು ಅವರಿಗೆ ಗೊತ್ತಿತ್ತು, ಬಂದರು ಕೂಡ.

ಬಾಪ ಸೈಕಲು ತಳ್ಳುತ್ತಾ ನನ್ನ ಜೊತೆ ಮನೆಯವರೆಗೆ ನಡೆದರು.

"ಪದಕ ಅಲ್ಲ ಅಂತ ಹೇಳಬಹುದಿತ್ತು" ಎಂದರು ಅರ್ಧ ದಾರಿಯಲ್ಲಿ.

"ಹೇಳಬಹುದಿತ್ತು."

"ನಾನು ನಂಬುತ್ತಿದ್ದೆ."

ಬೈದದ್ದೋ ಹೊಗಳಿದ್ದೋ ನಾನು ಕೇಳಲಿಲ್ಲ.

ಬಿನ್ನವತ್ತಳೆ ಬರೆಯಲು ಮೂರು ದಿನ ಬೇಕಾಯಿತು. ಪಣದಲ್ಲಿ ಬರೆಯಬೇಕು ಎಂದಿತ್ತು, ಏನು ಬರೆಯಬೇಕು ಎಂದಿರಲಿಲ್ಲ. ನಾಲ್ಕನೆಯ ದಿನ ಬೆಳಿಗ್ಗೆ ದಫೇದಾರರ ಮೇಜಿನ ಮೇಲೆ ಇಟ್ಟೆ. ಅವರು ಕನ್ನಡಕ ಹಾಕಿ ಮೆಲ್ಲನೆ, ಆದರೆ ದನಿ ತೆಗೆದು ಓದಿದರು. ಅವರಿಗೆ ಮನಸ್ಸಿನಲ್ಲಿ ಓದಿ ಅಭ್ಯಾಸವಿರಲಿಲ್ಲ.

"ಮಾನ್ಯರೇ, ತಾವು ಹಣ ಮುಟ್ಟಿದವರಲ್ಲ, ಅದಕ್ಕೆ ಈ ಪೇಟೆಯ ಎಲ್ಲರೂ ಸಾಕ್ಷಿ. ತಾವು ಮುಟ್ಟಿದ ಬಾಳೆಗೊನೆ, ಕೋಳಿ, ಚಡ್ಡಿ ಹಾಗೂ ಒಣಮೀನಿಗೂ ಅವರೇ ಸಾಕ್ಷಿ. ತಮ್ಮ ಬಾಗಿಲಿಗೆ ಬರಿಗೈಯಲ್ಲಿ ಬಂದವರನ್ನು ತಾವು ಬೈದವರಲ್ಲ, ಕಾಯಿಸಿದವರು ಮಾತ್ರ. ವಾದದಲ್ಲಿ ತಮ್ಮನ್ನು ಸೋಲಿಸಿದವರನ್ನು ನಾನು ಕಂಡಿಲ್ಲ. ಸೋತವರಲ್ಲಿ ನಾನೂ ಒಬ್ಬ."

ಕೆಳಗೆ ಹೆಸರು, ಮುಂದೆ ಬಿ.ಎ.

ಅವರು ಕನ್ನಡಕ ತೆಗೆದು ಒರೆಸಿದರು. ನನ್ನ ಕಣ್ಣು ಖಾನೆಯ ಮೇಲೇ ಇತ್ತು.

"ವಾಕ್ಯ ಒಳ್ಳೆದುಂಟು" ಎಂದರು. "ಈ ಚಡ್ಡಿ ತೆಗೀಲಿಕ್ಕೆ ಆಗ್ತದಾ?"

"ಚಡ್ಡಿ ತೆಗೆದರೆ ಬಿ.ಎ.ಯೂ ತೆಗೀಬೇಕಾಗ್ತದೆ."

ಬಹಳ ಹೊತ್ತು ಲೆಕ್ಕ ಹಾಕಿದರು. ಕೊನೆಗೆ ಕಾಗದವನ್ನು ಮಡಿಚಿ ಕಿಸೆಗೆ ಇಟ್ಟರು. "ಇರ್ಲಿ. ಅಚ್ಚು ಹಾಕಿಸಿ ಹೂವಿನ ಬಾರ್ಡರು ಇಟ್ಟು ಗೋಡೆಗೆ ತೂಗುಹಾಕಿದ್ರೆ ಯಾರೂ ಓದುದಿಲ್ಲ ಮಾರಾಯ. ಕೆಳಗಿನ ಬಿ.ಎ. ಮಾತ್ರ ಕಾಣ್ತದೆ."

ಆಮೇಲೆ ಖಾನೆ ಎಳೆದರು. ನನ್ನ ಕಾಗದದ ಮೂಲೆಯನ್ನು ಗೆದ್ದಲು ತಿಂದಿತ್ತು. ಅದನ್ನು ಕೊಡವಿ, ಮಸಿಯಲ್ಲಿ ಅದ್ದಿದ ಲೇಖನಿಯಿಂದ, ಮೇಲಿನವರಿಗೆ ಕಾಣಲೆಂದು ದೊಡ್ಡ ಅಕ್ಷರದಲ್ಲಿ ವರದಿ ಬರೆದು, ಒಣಗಲು ಊದಿ, ನನ್ನ ಕಡೆ ತಿರುಗಿಸಿದರು. ಸುಳ್ಯದ ಕಚೇರಿಯಲ್ಲಿ ನನ್ನ ಕಡತದ ಮೊದಲ ಹಾಳೆ ಅದೇ. ಮೂವತ್ತು ಚಿಲ್ಲರೆ ವರ್ಷ ಬಂದುಹೋದ ಸಾಹೇಬರೆಲ್ಲ ಓದಿ ತಲೆಯೆತ್ತಿ ನನ್ನನ್ನು ನೋಡಿದ್ದಾರೆ.

"ಸದರಿಯವರ ನಡತೆಯನ್ನು ಖುದ್ದು ಪರೀಕ್ಷಿಸಲಾಗಿದೆ. ಉತ್ತಮ. ಸತ್ಯ ಹೇಳುತ್ತಾರೆ, ಸ್ವಲ್ಪ ತಡವಾಗಿ. ತೆಲುಗು ಬರುವುದಿಲ್ಲ."